ಮೊದಲ ಲೋಕಸಭೆ: ಬಹುಮತದ ಅಂಕಿಯಾಚೆ

ಮೊದಲ ಲೋಕಸಭೆಯ ಮಾತು ಬಂದಾಗಲೆಲ್ಲ ಒಂದು ಅಂಕಿ ಎದುರಾಗುತ್ತದೆ. ಚುನಾವಣೆ ನಡೆದ 489 ಸ್ಥಾನಗಳಲ್ಲಿ ಕಾಂಗ್ರೆಸ್ 364 ಗೆದ್ದಿತ್ತು. ಅಂಕಿ ಸರಿಯೇ. ಆದರೆ ಅಷ್ಟನ್ನೇ ಹಿಡಿದು, ಅದು ನೆಹರೂ ಹೇಳಿದ್ದಕ್ಕೆಲ್ಲ ತಲೆಯಾಡಿಸಿದ ಸದನ ಎಂದು ತೀರ್ಮಾನಿಸುವುದನ್ನು ಅದರ ಕಲಾಪಗಳು ಸಮರ್ಥಿಸುವುದಿಲ್ಲ. 1952ರ ಮೇ 13ರಂದು ಮೊದಲ ಬಾರಿ ಸೇರಿ, 1957ರ ಏಪ್ರಿಲ್ 4ರಂದು ವಿಸರ್ಜನೆಗೊಂಡ ಈ ಸದನದ ತಾಕತ್ತು ಸಂಖ್ಯೆಗಿಂತ ಹೆಚ್ಚಾಗಿ, ಅದರ ನಾಯಕರು ಹಾಕಿಕೊಟ್ಟ ನಡಾವಳಿಯಲ್ಲಿತ್ತು ಎಂಬುದು ನನ್ನ ವಾದ.

ಮೊದಲು ಬಲಾಬಲ. ಮುಕ್ಕಾಲು ಪಾಲು ಸ್ಥಾನ ಪಡೆದ ಕಾಂಗ್ರೆಸ್ಸಿಗೆ ಸಿಕ್ಕ ಮತಗಳು ಶೇ. 45ರಷ್ಟು ಮಾತ್ರ. ಉಳಿದ ಮತಗಳು ಹತ್ತಾರು ಪಕ್ಷಗಳಲ್ಲಿ ಹಂಚಿಹೋದವು. ಕಮ್ಯುನಿಸ್ಟರು 16, ಸಮಾಜವಾದಿಗಳು 12, ಕಿಸಾನ್ ಮಜ್ದೂರ್ ಪ್ರಜಾ ಪಕ್ಷದವರು 9, ಜನಸಂಘದವರು 3, ಪಕ್ಷೇತರರು 37. ಸದನದ ಹತ್ತನೇ ಒಂದು ಪಾಲು ಬಲವಿಲ್ಲದ ಗುಂಪಿಗೆ ಪಕ್ಷದ ಮಾನ್ಯತೆ ಇಲ್ಲವೆಂದು ಸ್ಪೀಕರ್ ಜಿ.ವಿ. ಮಾವಳಂಕರ್ ನಿಯಮ ಮಾಡಿದ್ದರಿಂದ ಅಧಿಕೃತ ವಿರೋಧ ಪಕ್ಷದ ನಾಯಕನೇ ಇರಲಿಲ್ಲ. ಹಾಗೆಂದು ವಿರೋಧದ ದನಿ ಅಡಗಲಿಲ್ಲ. ಕಮ್ಯುನಿಸ್ಟರಿಗೆ ಎ.ಕೆ. ಗೋಪಾಲನ್ ಮುಂದಾಳಾಗಿದ್ದರು. ಶ್ಯಾಮಪ್ರಸಾದ್ ಮುಖರ್ಜಿ ಸಣ್ಣಪುಟ್ಟ ಪಕ್ಷಗಳನ್ನೂ ಪಕ್ಷೇತರರನ್ನೂ ಒಟ್ಟುಗೂಡಿಸಿ ಒಂದು ಗುಂಪು ಕಟ್ಟಿದ್ದರು. 1953ರ ಜೂನ್‌ನಲ್ಲಿ ಕಾಶ್ಮೀರದಲ್ಲಿ ಬಂಧನದಲ್ಲಿದ್ದಾಗಲೇ ಅವರು ತೀರಿಕೊಂಡರು.

ಸ್ಪೀಕರ್ ಹುದ್ದೆಗೂ ಅವಿರೋಧ ಆಯ್ಕೆ ನಡೆಯಲಿಲ್ಲ. ಮೇ 15ರಂದು ಮಾವಳಂಕರ್ ಎದುರು ಶಂಕರ ಶಾಂತಾರಾಮ ಮೋರೆ ನಿಂತರು. ಪರವಾಗಿ 394, ವಿರೋಧವಾಗಿ 55 ಮತಗಳು ಬಿದ್ದವು. ಮುಂಬಯಿ ಶಾಸನಸಭೆಯಲ್ಲೂ ಆಮೇಲೆ ಕೇಂದ್ರ ಶಾಸನಸಭೆಯಲ್ಲೂ ಪೀಠದಲ್ಲಿ ಕೂತು ಪಳಗಿದ್ದ ಮಾವಳಂಕರ್, ಸುಗ್ರೀವಾಜ್ಞೆಗಳ ಮೂಲಕ ಕಾನೂನು ಮಾಡುವ ಚಾಳಿಯನ್ನು ಆಕ್ಷೇಪಿಸಿ ಪ್ರಧಾನಿಗೆ ಪತ್ರ ಬರೆಯಲು ಹಿಂಜರಿದವರಲ್ಲ.

1954ರ ಡಿಸೆಂಬರ್ 18ರ ಕಲಾಪವನ್ನು ಇಲ್ಲಿ ಬಿಡಿಯಾಗಿ ನೋಡಬೇಕು. ಸ್ಪೀಕರ್ ನಿಷ್ಪಕ್ಷಪಾತಿಯಾಗಿ ಉಳಿದಿಲ್ಲವೆಂದು ದೂರಿ ಸದಸ್ಯ ವಿಘ್ನೇಶ್ವರ ಮಿಶ್ರ, ಮಾವಳಂಕರ್ ಅವರ ಪದಚ್ಯುತಿಗೆ ನಿರ್ಣಯ ಮಂಡಿಸಿದರು. ಸಂವಿಧಾನದ ಕಟ್ಟಳೆಯಂತೆ ಮಾವಳಂಕರ್ ಪೀಠದಿಂದ ದೂರ ಉಳಿದರು, ಡೆಪ್ಯುಟಿ ಸ್ಪೀಕರ್ ಎಂ. ಅನಂತಶಯನಂ ಅಯ್ಯಂಗಾರ್ ಸದನ ನಡೆಸಿದರು. ನೆಹರೂ ಎದ್ದು ನಿಂತು, ಇದರಲ್ಲಿ ವಿಪ್ ಕಟ್ಟುಪಾಡಿಲ್ಲ, ನಿಮಗೆ ತೋಚಿದಂತೆ ಮತ ಹಾಕಿ ಎಂದು ತಮ್ಮ ಪಕ್ಷದವರಿಗೆ ತಿಳಿಸಿದರು. ನಿರ್ಣಯ ಬಿದ್ದುಹೋಯಿತು, ಬೀಳುವುದೆಂದು ಎಲ್ಲರಿಗೂ ಗೊತ್ತಿತ್ತು. ಆದರೂ 364ರ ಬಲವಿದ್ದವರು ಅದನ್ನು ಚರ್ಚೆಗೆ ಬರಗೊಟ್ಟು, ಆರೋಪಗಳನ್ನು ಕೂತು ಕೇಳಿದರಲ್ಲ, ಆ ಸದನದ ನಿಜವಾದ ಗುಣ ಅಲ್ಲಿದೆ. 1956ರ ಫೆಬ್ರುವರಿ 27ರಂದು ಮಾವಳಂಕರ್ ಅಧಿಕಾರದಲ್ಲಿರುವಾಗಲೇ ತೀರಿಕೊಂಡರು. ಅಯ್ಯಂಗಾರ್ ಸ್ಪೀಕರ್ ಆದರು. ತೆರವಾದ ಡೆಪ್ಯುಟಿ ಸ್ಪೀಕರ್ ಸ್ಥಾನಕ್ಕೆ ಕಾಂಗ್ರೆಸ್ಸಿನವರನ್ನಲ್ಲ, ಅಕಾಲಿ ಸದಸ್ಯ ಹುಕುಂ ಸಿಂಗ್ ಅವರನ್ನು ಆರಿಸಲಾಯಿತು.

ಪಕ್ಷಗಳ ಪಟ್ಟಿಯಲ್ಲಿ ಕಾಣದ ಇನ್ನೊಂದು ಸಂಗತಿ ಕನ್ನಡಿಗರದ್ದು. ಆ ಲೋಕಸಭೆಯಲ್ಲಿ ಕನ್ನಡ ನಾಡಿನ ಪ್ರತಿನಿಧಿಗಳು ಒಂದು ರಾಜ್ಯದವರಾಗಿ ಕೂತಿರಲಿಲ್ಲ. ಚಿತ್ರದುರ್ಗದ ಎಸ್. ನಿಜಲಿಂಗಪ್ಪ ಮೈಸೂರು ರಾಜ್ಯದವರು; ಧಾರವಾಡದ ಡಿ.ಪಿ. ಕರಮರಕರ್, ಬೆಳಗಾವಿಯ ಬಿ.ಎನ್. ದಾತಾರ್, ಉತ್ತರ ಕನ್ನಡದ ಜೋಕಿಂ ಆಳ್ವ ಮುಂಬಯಿಯವರು. ದಕ್ಷಿಣ ಕನ್ನಡದ ಯು. ಶ್ರೀನಿವಾಸ ಮಲ್ಯ ಮತ್ತು ಬಿ. ಶಿವರಾವ್ ಮದ್ರಾಸಿನವರು, ಗುಲ್ಬರ್ಗದ ಸ್ವಾಮಿ ರಮಾನಂದ ತೀರ್ಥ ಹಾಗೂ ಕುಷ್ಟಗಿಯಿಂದ ಪಕ್ಷೇತರರಾಗಿ ಗೆದ್ದ ಶಿವಮೂರ್ತಿಸ್ವಾಮಿ ಹೈದರಾಬಾದಿನವರು. ಕೊಡಗಿನದು ಪ್ರತ್ಯೇಕ ರಾಜ್ಯ, ಒಂದೇ ಸ್ಥಾನ. ಬಳ್ಳಾರಿಯ ಟೇಕೂರು ಸುಬ್ರಹ್ಮಣ್ಯಂ ಮದ್ರಾಸಿನ ಸದಸ್ಯರಾಗಿ ದೆಹಲಿಗೆ ಹೋದವರು. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರಿಗೆ ಸೇರಿದಾಗ, ಚುನಾವಣೆಯೇ ಇಲ್ಲದೆ ಅವರ ರಾಜ್ಯ ಬದಲಾಯಿತು!

ಮೈಸೂರು ಕ್ಷೇತ್ರದ ಫಲಿತಾಂಶವೂ ಗಮನಾರ್ಹ. ಆಗ ದೇಶದ 401 ಕ್ಷೇತ್ರಗಳಲ್ಲಿ 86 ಕ್ಷೇತ್ರಗಳು ಇಬ್ಬರು ಸದಸ್ಯರನ್ನು ಆರಿಸುತ್ತಿದ್ದವು. ಅಂಥ ಮೈಸೂರಿನ ಮತದಾರರು ಕಾಂಗ್ರೆಸ್ಸಿನ ಎನ್. ರಾಚಯ್ಯನವರನ್ನೂ ಪ್ರಜಾ ಪಕ್ಷದ ಎಂ.ಎಸ್. ಗುರುಪಾದಸ್ವಾಮಿಯವರನ್ನೂ ಒಟ್ಟಿಗೆ ಕಳಿಸಿದರು. ಒಂದೇ ಊರಿನ ಮತಪೆಟ್ಟಿಗೆಗಳಿಂದ ಆಡಳಿತವೂ ಬಂತು, ವಿರೋಧವೂ ಬಂತು.

ಹಿಂದೂ ವಿವಾಹ ಮತ್ತು ಉತ್ತರಾಧಿಕಾರ ಕಾಯಿದೆಗಳು, ಸದನದ ವರದಿ ಪ್ರಕಟಿಸುವ ಪತ್ರಿಕೆಗಳಿಗೆ ರಕ್ಷಣೆ ಕೊಟ್ಟ ಫಿರೋಜ್ ಗಾಂಧಿಯವರ ಖಾಸಗಿ ಮಸೂದೆ ಈ ಅವಧಿಯವೇ. ಆದರೆ ಸದಸ್ಯರನ್ನು ಪಕ್ಷದ ಗೆರೆ ದಾಟಿಸಿ ಪ್ರಾಂತದ ಗೆರೆಯಲ್ಲಿ ನಿಲ್ಲಿಸಿದ್ದು 1956ರ ರಾಜ್ಯ ಪುನರ್ವಿಂಗಡಣಾ ಮಸೂದೆ. ಮುಂಬಯಿ ನಗರದ ಪ್ರಶ್ನೆಯಲ್ಲಿ ಹಣಕಾಸು ಮಂತ್ರಿ ಸಿ.ಡಿ. ದೇಶಮುಖ್ ರಾಜೀನಾಮೆಯನ್ನೇ ಕೊಟ್ಟರು. ಮಸೂದೆಯ ಹೊಣೆ ಹೊತ್ತ ಗೃಹ ಖಾತೆಯಲ್ಲಿ ಗೋವಿಂದ ವಲ್ಲಭ ಪಂತರ ಜೊತೆ ಬೆಳಗಾವಿಯ ದಾತಾರರೂ ಮಂತ್ರಿಯಾಗಿದ್ದರು. ಆ ವರ್ಷದ ನವೆಂಬರ್ 1ರಂದು ಕನ್ನಡ ಪ್ರದೇಶಗಳು ಒಂದಾದವು, ನಿಜಲಿಂಗಪ್ಪನವರು ಲೋಕಸಭೆ ಬಿಟ್ಟು ವಿಶಾಲ ಮೈಸೂರಿನ ಮುಖ್ಯಮಂತ್ರಿಯಾದರು.

ಏಕೀಕರಣದ ಚರಿತ್ರೆಯನ್ನು ನಾವು ಹೆಚ್ಚಾಗಿ ಬೀದಿಯ ಹೋರಾಟ, ಸಮ್ಮೇಳನ, ಪತ್ರಿಕೆಗಳ ಮೂಲಕ ಬರೆದಿದ್ದೇವೆ. ಆ ಐದು ರಾಜ್ಯಗಳ ಕನ್ನಡ ಸದಸ್ಯರು ಸದನದಲ್ಲಿ ಆಡಿದ ಮಾತುಗಳು ಲೋಕಸಭೆಯ ಅಚ್ಚಾದ ಸಂಪುಟಗಳಲ್ಲಿವೆ. ನಮ್ಮ ಯುವ ಸಂಶೋಧಕರು ಅವುಗಳನ್ನು ತೆರೆದು, ಸದಸ್ಯವಾರು ಓದಿ, ಕನ್ನಡಕ್ಕೆ ತರಬೇಕು.