ದಮ್ಯಾನ್ ಕಾಳಗ

ಹೈದರಾಬಾದಿನ ಗ್ರೀನ್ ಗೋಲ್ಡ್ ಅನಿಮೇಷನ್ ಸಂಸ್ಥೆಯ ‘ಛೋಟಾ ಭೀಮ್ ಅಂಡ್ ದ ಕರ್ಸ್ ಆಫ್ ದಮ್ಯಾನ್’ ಚಿತ್ರದ ಕೊನೆಯ ಹೋರಾಟ. ಚಿತ್ರ ಚಿತ್ರಮಂದಿರಗಳಲ್ಲಿ ತೆರೆಕಂಡದ್ದು 2012ರ ಮೇ 18ರಂದು. ರಾಜೀವ್ ಚಿಲಕ 2001ರಲ್ಲಿ ಕಟ್ಟಿದ ಈ ಸಂಸ್ಥೆಯ ‘ಛೋಟಾ ಭೀಮ್’ ಧಾರಾವಾಹಿ 2008ರಿಂದ ಪೋಗೊ ವಾಹಿನಿಯಲ್ಲಿ ಬರುತ್ತಿತ್ತು.

ಕಥೆ: ಸ್ಕಂದಿ ಮತ್ತು ಟಾಕಿ ಎಂಬಿಬ್ಬರು ಚಿನ್ನದ ಆಸೆ ತೋರಿಸಿ ಭೀಮ್‌ನ ಊರಾದ ಢೋಲಕ್‌ಪುರದವರನ್ನು ಸೋನಾಪುರಕ್ಕೆ ಕರೆತರುತ್ತಾರೆ. ಸಾವನ್ನು ಗೆದ್ದರೂ ಶಾಪದಿಂದ ಊರಿನೊಳಗೇ ಬಂದಿಯಾಗಿದ್ದ ದಮ್ಯಾನ್ ಬಿಡುಗಡೆಯಾಗುತ್ತಾನೆ. ಭೀಮ್ ಸಾವಿರ ವರ್ಷ ಹಿಂದಕ್ಕೆ ಹೋಗಿ, ಗುರು ಶಂಭುವಿನ ನೆರವಿನಿಂದ ಅವನನ್ನು ಎದುರಿಸುತ್ತಾನೆ. ಗೆಲ್ಲಬೇಕಾದದ್ದು ಎದುರಾಳಿಯನ್ನಷ್ಟೇ ಅಲ್ಲ, ಅವನು ಅಮರನಾಗುವ ಗಳಿಗೆಯನ್ನು ತಪ್ಪಿಸಬೇಕು. ಸರಣಿಯ ಉಳಿದ ಕಾಳಗಗಳಿಗಿಂತ ಇದು ತೂಕದ್ದೆನಿಸುವುದು ಬಹುಶಃ ಈ ಕಾರಣಕ್ಕೆ.

ಹೊಡೆದಾಟದ ರೀತಿ: ಟೀವಿಯ ಕಂತುಗಳಲ್ಲಿ ಜಗಳಕ್ಕೆ ಸಿಗುವ ಸಮಯ ತೀರಾ ಕಡಿಮೆ. ಭೀಮ್ ಪೆಟ್ಟು ತಿಂದು ನೆಲಕ್ಕೊರಗುತ್ತಾನೆ, ಗೆಳತಿ ಚುಟ್ಕಿ ಲಡ್ಡು ಎಸೆಯುತ್ತಾಳೆ, ಅದು ಬಾಯಿಗೆ ಬೀಳುತ್ತಲೇ ತೋಳು ಉಬ್ಬುತ್ತದೆ, ಖಳ ಆಕಾಶಕ್ಕೆ ಹಾರುತ್ತಾನೆ. ಜಪಾನಿನ ‘ಡ್ರ್ಯಾಗನ್ ಬಾಲ್ ಜೆಡ್’ ನೇಮೆಕ್ ಗ್ರಹ ಸಿಡಿಯಲು ಉಳಿದಿದ್ದ ಐದು ನಿಮಿಷವನ್ನು ಹಲವು ಕಂತುಗಳಿಗೆ ಎಳೆದದ್ದಕ್ಕೆ ಇದು ತದ್ವಿರುದ್ಧ. ಭೀಮ್‌ನ ಮೈಕಟ್ಟೂ ಇಲ್ಲಿ ಗಮನಾರ್ಹ: ದೊಡ್ಡ ತಲೆ, ಮೋಟು ಕೈಕಾಲು, ಬರಿಮೈ, ಕಿತ್ತಳೆ ಧೋತಿ. ಇಷ್ಟು ಗಿಡ್ಡ ತೋಳುಗಳಿಂದ ಗರಡಿಯ ಪಟ್ಟುಗಳನ್ನು ನಂಬುವಂತೆ ಬರೆಯುವುದು ಕಷ್ಟ. ಕೈ ಎದುರಾಳಿಯ ಕುತ್ತಿಗೆಯನ್ನೇ ಸುತ್ತಲಾರದು. ಹಿಡಿದು ಗರಗರ ತಿರುಗಿಸಿ ಎಸೆಯುವುದು, ತಲೆಯಿಂದ ಡಿಕ್ಕಿ ಹೊಡೆಯುವುದು ಸಲೀಸು. ಇಂಥ ಚಿತ್ರಣದಲ್ಲಿ ಪೆಟ್ಟಿನ ಬಲ ನಿಜಕ್ಕೂ ಇರುವುದು ಪೆಟ್ಟಿನಲ್ಲಲ್ಲ, ಅದರ ಆಚೀಚೆ. ಮುಷ್ಟಿ ಹಿಂದೆ ಸರಿದು ಅರೆಕ್ಷಣ ನಿಲ್ಲಬೇಕು; ತಾಗುವ ಚಿತ್ರ ಒಂದೆರಡು ಫ್ರೇಮುಗಳಲ್ಲಿ ಮುಗಿಯಬೇಕು; ಬಿದ್ದವನ ಮುಖಕ್ಕೆ ಮತ್ತೆ ಬಿಡುವು ಬೇಕು. 1963ರಲ್ಲಿ ತೆಜುಕಾ ಒಸಾಮು ‘ಆಸ್ಟ್ರೋ ಬಾಯ್’ ಮಾಡಿದಾಗಿನಿಂದ ಕಡಿಮೆ ಚಿತ್ರಗಳಲ್ಲಿ ಹೆಚ್ಚು ಕೆಲಸ ತೆಗೆಯುವ ಈ ಜಾಣತನ ಟೀವಿ ಅನಿಮೇಷನ್ನಿನ ಬೆನ್ನೆಲುಬು. ಚಿತ್ರಮಂದಿರದ ದೊಡ್ಡ ಪರದೆ ಮಾತ್ರ ಅದರ ಕೊರತೆಗಳನ್ನು ಮುಚ್ಚಿಡುವುದಿಲ್ಲ.

ನಂತರದ ರೂಪಗಳು: 2019ರ ಮೇ 10ರಂದು ಬಂದ ‘ಕುಂಗ್ ಫೂ ಧಮಾಕಾ’ದಲ್ಲಿ ಭೀಮ್ ಚೀನಾದ ಸ್ಪರ್ಧೆಗೆ ಹೋಗಿ ಖಳ ಜುಹೂವನ್ನು ಎದುರಿಸಿದ. ಅದು 3ಡಿ, ಸಮರಕಲೆಯ ದೃಷ್ಟಿಯಿಂದ ಸರಣಿಯಲ್ಲೇ ನೇರವಾದ ಪ್ರಯತ್ನ. ದಮ್ಯಾನ್ ಕಥೆ 2024ರ ಮೇ 31ರಂದು ನಟರೊಂದಿಗೆ ಮತ್ತೆ ತೆರೆಗೆ ಬಂತು. ಭೀಮ್ ಆಗಿ ಯಜ್ಞ ಭಸೀನ್, ಗುರು ಶಂಭುವಾಗಿ ಅನುಪಮ್ ಖೇರ್ ನಟಿಸಿದರು.