ಸೇತುವೆ ಕುಸಿದ ವರ್ಷದ ಹುಡುಗಿ

1994ರ ಅಕ್ಟೋಬರ್ 21ರ ಬೆಳಿಗ್ಗೆ, ದಕ್ಷಿಣ ಕೊರಿಯಾದ ರಾಜಧಾನಿ ಸೋಲ್‌ನಲ್ಲಿ ಹಾನ್ ನದಿಗೆ ಕಟ್ಟಿದ್ದ ಸೊಂಗ್ಸು ಸೇತುವೆಯ ನಡುಭಾಗ ಕಳಚಿ ನೀರಿಗೆ ಬಿತ್ತು. 32 ಜನ ಸತ್ತರು. ಶಾಲೆಗೆ ಹೊರಟಿದ್ದ ಹುಡುಗಿಯರೂ ಅವರಲ್ಲಿದ್ದರು. ಸೇತುವೆಗೆ ಆಗಿನ್ನೂ 15 ವರ್ಷ. ಕುಸಿತಕ್ಕೆ ಕಾರಣ ಕಳಪೆ ಬೆಸುಗೆ ಮತ್ತು ನಿರ್ವಹಣೆಯ ನಿರ್ಲಕ್ಷ್ಯ. ಇತಿಹಾಸದ ವಿದ್ಯಾರ್ಥಿಯಾಗಿ ನಾನಾದರೆ ಇದನ್ನು ಅವಸರದ ಅಭಿವೃದ್ಧಿಗೆ ಒಂದು ಉದಾಹರಣೆಯೆಂದು ಬರೆದು ಮುಂದೆ ಹೋಗುತ್ತಿದ್ದೆ.

ಹಾಗೆ ಮುಂದೆ ಹೋಗದಂತೆ ನನ್ನನ್ನು ತಡೆದದ್ದು ಕಿಮ್ ಬೊರಾ ಅವರ ಮೊದಲ ಕಥಾಚಿತ್ರ ‘ಹೌಸ್ ಆಫ್ ಹಮ್ಮಿಂಗ್‌ಬರ್ಡ್’. 1981ರಲ್ಲಿ ಹುಟ್ಟಿದ ಕಿಮ್, ಸೋಲ್‌ನ ಡೊಂಗುಕ್ ಮತ್ತು ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯಗಳಲ್ಲಿ ಸಿನಿಮಾ ಕಲಿತವರು. 2011ರ ಅವರ ಕಿರುಚಿತ್ರ ‘ದಿ ರೆಕಾರ್ಡರ್ ಎಕ್ಸಾಮ್’ನ ನಾಯಕಿ ಒಂಬತ್ತು ವರ್ಷದ ಉನ್‌ಹಿ, ಅದರ ಕಾಲ ಸೋಲ್ ಒಲಿಂಪಿಕ್ಸ್ ನಡೆದ 1988. ಅದೇ ಹುಡುಗಿಯನ್ನು ಕಿಮ್ ಈ ಚಿತ್ರದಲ್ಲಿ ಎಂಟನೇ ತರಗತಿಗೆ, 1994ಕ್ಕೆ ತಂದಿದ್ದಾರೆ. 2018ರಲ್ಲಿ ಬುಸಾನ್ ಚಿತ್ರೋತ್ಸವದಲ್ಲಿ ಮೊದಲು ಪ್ರದರ್ಶನಗೊಂಡ ಚಿತ್ರ, ಮರುವರ್ಷ ಬರ್ಲಿನ್‌ನ ‘ಜನರೇಶನ್ 14ಪ್ಲಸ್’ ವಿಭಾಗದಲ್ಲಿ ದೊಡ್ಡ ಪ್ರಶಸ್ತಿ ಪಡೆಯಿತು.

ಎರಡೂ ವರ್ಷಗಳು ದೇಶದ ಚರಿತ್ರೆಯವು. ಆದರೆ ಕಿಮ್ ಕ್ಯಾಮೆರಾ ಇಡುವುದು ಮನೆಯೊಳಗೆ. ಚಿತ್ರ ಶುರುವಾಗುವಾಗ ಉನ್‌ಹಿ ಒಂದು ಫ್ಲ್ಯಾಟಿನ ಬಾಗಿಲು ಬಡಿಯುತ್ತ ಅಮ್ಮನನ್ನು ಕೂಗುತ್ತಿದ್ದಾಳೆ. ಬಾಗಿಲು ತೆರೆಯುವುದಿಲ್ಲ. ಅವಳ ಮನೆ ಇರುವುದು ಮೇಲಿನ ಅಂತಸ್ತಿನಲ್ಲಿ. ಕ್ಯಾಮೆರಾ ಹಿಂದೆ ಸರಿದಾಗ ಒಂದೇ ತರಹದ ನೂರಾರು ಬಾಗಿಲುಗಳು ಕಾಣುತ್ತವೆ. ಆ ಕಾಲದ ನಗರ ಬೆಳೆದ ರೀತಿಯನ್ನು ಹೇಳಲು ಅವರಿಗೆ ಅಷ್ಟು ಸಾಕು.

ಅಪ್ಪ ಅಮ್ಮನದು ಅಕ್ಕಿಕಡುಬಿನ ಅಂಗಡಿ. ಅಪ್ಪನ ಆಸೆಯೆಲ್ಲ ಮಗ ದೊಡ್ಡ ಕಾಲೇಜು ಸೇರಬೇಕೆಂಬುದು. ಆ ಮಗ ತಂಗಿಯನ್ನು ಹೊಡೆಯುತ್ತಾನೆ. ಮನೆಯಲ್ಲಿ ಯಾರೂ ಅದನ್ನು ದೊಡ್ಡದು ಮಾಡುವುದಿಲ್ಲ. ಹೊಡೆದರೆ ಸುಮ್ಮನಿರಬೇಡ ಎಂದು ಅವಳಿಗೆ ಹೇಳುವವಳು ಟ್ಯೂಷನ್ನಿನ ಟೀಚರ್ ಯೊಂಗ್‌ಜಿ ಒಬ್ಬಳೇ.

ಸೇತುವೆ ಬೀಳುವ ದೃಶ್ಯ ಚಿತ್ರದಲ್ಲಿಲ್ಲ. ಬರುವುದು ಸುದ್ದಿ ಮಾತ್ರ. ಅಕ್ಕ ದಿನವೂ ಹೋಗುವ ಬಸ್ಸಿನ ದಾರಿ ಅದು. ಅವಳು ಅಂದು ತಡವಾಗಿ ಹೊರಟದ್ದರಿಂದ ಉಳಿಯುತ್ತಾಳೆ. ರಾತ್ರಿ ಊಟಕ್ಕೆ ಕೂತಾಗ, ತಂಗಿಯನ್ನು ಹೊಡೆಯುತ್ತಿದ್ದ ಅಣ್ಣ ಬಿಕ್ಕಿಬಿಕ್ಕಿ ಅಳುತ್ತಾನೆ. ಕಿಮ್ ಅವನನ್ನು ಕ್ಷಮಿಸುವುದೂ ಇಲ್ಲ, ರಾಕ್ಷಸನನ್ನಾಗಿ ಮಾಡುವುದೂ ಇಲ್ಲ. ಆಮೇಲೆ ಗೊತ್ತಾಗುತ್ತದೆ, ಯೊಂಗ್‌ಜಿ ಉಳಿಯಲಿಲ್ಲ.

ಬೆಸುಗೆ ಬಿಟ್ಟದ್ದನ್ನು ಯಾರೂ ನೋಡದೆ ಸೇತುವೆ ಬಿತ್ತು. ಮನೆಯ ಬಿರುಕನ್ನೂ ಯಾರೂ ನೋಡುತ್ತಿರಲಿಲ್ಲ. ಕಿಮ್ ಇವೆರಡನ್ನು ಅಕ್ಕಪಕ್ಕ ಇಟ್ಟು ಸುಮ್ಮನಾಗುತ್ತಾರೆ, ಹೋಲಿಕೆಯನ್ನು ಬಾಯಿಬಿಟ್ಟು ಹೇಳುವುದಿಲ್ಲ.

ಸಿನಿಮಾ ದಾಖಲೆಯಲ್ಲ, ನಿಜ. ಆದರೆ 32 ಎಂಬ ಲೆಕ್ಕದಲ್ಲಿ ಉನ್‌ಹಿಯಂಥವರು ಬರುವುದಿಲ್ಲ. ಅವರು ಬದುಕಿದ್ದಾರೆ, ಕಳೆದುಕೊಂಡು ಬದುಕಿದ್ದಾರೆ. ಕೊನೆಯಲ್ಲಿ ಅವಳು ಅಕ್ಕನ ಜೊತೆ ನಸುಕಿನಲ್ಲಿ ನದಿಯ ದಂಡೆಗೆ ಹೋಗಿ ಮುರಿದ ಸೇತುವೆಯನ್ನು ನೋಡುತ್ತ ನಿಲ್ಲುತ್ತಾಳೆ. ಈಗ ಕಡತಗಳಲ್ಲಿ ಸತ್ತವರ ಸಂಖ್ಯೆ ಕಂಡಾಗಲೆಲ್ಲ, ದಂಡೆಯಲ್ಲಿ ಯಾರು ನಿಂತಿದ್ದರು ಎಂದು ಕೇಳಿಕೊಳ್ಳುತ್ತೇನೆ.