ತೆರೆಯ ಮೇಲೆ ಸಿಂಡರೆಲ್ಲಾ

ಯುರೋಪಿನ ಕಿನ್ನರ ಕಥೆಗಳ ಪೈಕಿ ಸಿನಿಮಾದವರು ಮತ್ತೆ ಮತ್ತೆ ಕೈಗೆತ್ತಿಕೊಂಡ ಕಥೆ ಸಿಂಡರೆಲ್ಲಾಳದು. ಲೂಮಿಯೇರ್ ಸಹೋದರರು ಪ್ಯಾರಿಸಿನಲ್ಲಿ ಟಿಕೆಟ್ ಇಟ್ಟು ಚಿತ್ರ ತೋರಿಸಿದ ನಾಲ್ಕೇ ವರ್ಷಕ್ಕೆ ಅವಳು ತೆರೆಗೆ ಬಂದಳು. ಅಲ್ಲಿಂದ ಈಚೆಗೆ ಮೂಕಿಚಿತ್ರ, ನೆರಳುಚಿತ್ರ, ಅನಿಮೇಷನ್, ದೂರದರ್ಶನದ ಗೀತನಾಟಕ ಎಲ್ಲದರಲ್ಲೂ ಕಾಣಿಸಿಕೊಂಡಿದ್ದಾಳೆ. ಈ ಕಥೆಗೆ ಕೈಹಾಕಿದವರೆಲ್ಲ ಎರಡು ಪ್ರಶ್ನೆಗಳನ್ನು ಎದುರಿಸಬೇಕಾಯಿತು. ಮಾಯೆಯನ್ನು ಕಣ್ಣಿಗೆ ಕಾಣುವಂತೆ ಮಾಡುವುದು ಹೇಗೆ? ಹುಡುಗಿಯ ಪಾಲಿಗೆ ಅಳುವುದು, ಕಾಯುವುದು ಬಿಟ್ಟು ಬೇರೇನು ಕೆಲಸ ಕೊಡುವುದು? ಮೊದಲನೆಯದಕ್ಕೆ ಉತ್ತರ ಬೇಗ ಸಿಕ್ಕಿತು. ಎರಡನೆಯದಕ್ಕೆ ಒಂದೊಂದು ದೇಶ ಒಂದೊಂದು ಉತ್ತರ ಕೊಟ್ಟಿತು.

ಕಥೆಯ ಮೂಲಗಳು

ಇದಕ್ಕೆ ಇಂಥದೇ ಮೂಲ ಎಂದು ಬೆರಳು ಮಾಡಿ ತೋರಿಸಲಾಗದು. ಒಂಬತ್ತನೆಯ ಶತಮಾನದ ಚೀನಾದಲ್ಲಿ ದುವಾನ್ ಚೆಂಗ್‌ಶಿ ಬರೆದಿಟ್ಟ ಯೆ ಶಿಯಾನ್ ಎಂಬ ಹುಡುಗಿಯ ಕಥೆಯಲ್ಲಿ ಮೀನಿನ ಮೂಳೆಗಳು ವರ ಕೊಡುತ್ತವೆ, ಚಿನ್ನದ ಪಾದರಕ್ಷೆ ಕಳೆದುಹೋಗುತ್ತದೆ. 1893ರಲ್ಲಿ ಇಂಗ್ಲೆಂಡಿನ ಮೇರಿಯನ್ ರೋಲ್ಫ್ ಕಾಕ್ಸ್ ಈ ಕಥೆಯ 345 ರೂಪಗಳನ್ನು ಸಂಗ್ರಹಿಸಿ ಪ್ರಕಟಿಸಿದರು. ಕನ್ನಡದಲ್ಲಿಯೂ ಒಂದು ರೂಪವಿದೆ: ಎ.ಕೆ. ರಾಮಾನುಜನ್ ಸಂಗ್ರಹಿಸಿದ ಹಂಚಿಯ ಕಥೆ. ಬಂಗಾರದ ಕೂದಲಿನ ಆ ಹುಡುಗಿ ಮಣ್ಣಿನ ಮುಖವಾಡ ತೊಟ್ಟು ಮನೆ ಬಿಟ್ಟು ಹೋಗಿ, ಸಾಹುಕಾರನ ಮನೆಯಲ್ಲಿ ಕೆಲಸಕ್ಕೆ ನಿಲ್ಲುತ್ತಾಳೆ. ಜಾನಪದ ವಿದ್ವಾಂಸ ಅಲನ್ ಡಂಡಿಸ್ 1982ರಲ್ಲಿ ಸಂಪಾದಿಸಿದ ಸಿಂಡರೆಲ್ಲಾ ಅಧ್ಯಯನ ಗ್ರಂಥದಲ್ಲಿ ಈ ಕಥೆ ಸೇರಿದೆ.

ಸಿನಿಮಾದವರು ಮಾತ್ರ ಇಷ್ಟು ದೂರ ಅಲೆಯಲಿಲ್ಲ. ಅವರ ಮುಂದೆ ಮುಖ್ಯವಾಗಿ ಎರಡು ಪುಸ್ತಕಗಳಿದ್ದವು. ಒಂದು, ಫ್ರಾನ್ಸಿನ ಚಾರ್ಲ್ಸ್ ಪೆರೋ 1697ರಲ್ಲಿ ಪ್ರಕಟಿಸಿದ್ದು. ಮಾಯಾವಿ ಅಜ್ಜಿ, ಕುಂಬಳಕಾಯಿಯ ಸಾರೋಟು, ಇಲಿಗಳು ಕುದುರೆಗಳಾಗುವುದು, ಗಾಜಿನ ಪಾದರಕ್ಷೆ, ನಡುರಾತ್ರಿಯ ಗಡುವು ಎಲ್ಲ ಇರುವುದು ಅದರಲ್ಲೇ. ಇನ್ನೊಂದು, ಜರ್ಮನಿಯ ಗ್ರಿಮ್ ಸಹೋದರರು 1812ರಲ್ಲಿ ಹೊರತಂದದ್ದು. ಅಲ್ಲಿ ಮಾಯಾವಿ ಅಜ್ಜಿಯಿಲ್ಲ. ತಾಯಿಯ ಸಮಾಧಿಯ ಮೇಲೆ ಬೆಳೆದ ಮರ, ನೆರವಿಗೆ ಬರುವ ಹಕ್ಕಿಗಳು. ಪಾದರಕ್ಷೆ ಹಿಡಿಸಲೆಂದು ಒಬ್ಬ ಮಲಸಹೋದರಿ ಹೆಬ್ಬೆರಳನ್ನೂ ಇನ್ನೊಬ್ಬಳು ಹಿಮ್ಮಡಿಯನ್ನೂ ಕತ್ತರಿಸಿಕೊಳ್ಳುತ್ತಾರೆ. ಮುಂದಿನ ಆವೃತ್ತಿಯಲ್ಲಿ ಹಕ್ಕಿಗಳು ಅವರ ಕಣ್ಣುಗಳನ್ನೂ ಕುಕ್ಕಿ ತೆಗೆಯುತ್ತವೆ. ಪೆರೋನ ಸಿಂಡರೆಲ್ಲಾ ಆ ಸಹೋದರಿಯರನ್ನು ಕ್ಷಮಿಸಿ, ಅರಮನೆಗೆ ಕರೆದುಕೊಂಡು ಹೋಗಿ, ಇಬ್ಬರಿಗೂ ಮದುವೆ ಮಾಡಿಸುತ್ತಾಳೆ. ಸಿನಿಮಾ ಪೆರೋನ ಕಡೆ ವಾಲಿದ್ದಕ್ಕೆ ಈ ಸೌಮ್ಯತೆಯೇ ಕಾರಣ ಎಂದು ಹೇಳುವುದು ವಾಡಿಕೆ. ಅದು ಅರ್ಧ ಸತ್ಯ. ಕುಂಬಳಕಾಯಿ ಕಣ್ಣೆದುರೇ ಸಾರೋಟಾಗುವುದು ಕ್ಯಾಮೆರಾ ಮಾತ್ರ ಸಲೀಸಾಗಿ ಮಾಡಬಲ್ಲ ಕೆಲಸ. ಮೊದಲ ಚಿತ್ರಕಾರರಿಗೆ ಬೇಕಾಗಿದ್ದುದು ಅದು.

ಮೂಕಿಯುಗ

ಜಾರ್ಜ್ ಮೆಲಿಯೆಸ್ ಜಾದೂಗಾರ, ಪ್ಯಾರಿಸಿನಲ್ಲಿ ಸ್ವಂತ ರಂಗಮಂದಿರ ನಡೆಸುತ್ತಿದ್ದವರು. 1899ರ ಅವರ 'ಸಾಂದ್ರಿಯೋಂ' ಸುಮಾರು ಆರು ನಿಮಿಷದ್ದು. ಅಂದಿನ ಹೆಚ್ಚಿನ ಚಿತ್ರಗಳು ಒಂದೇ ದೃಶ್ಯದಲ್ಲಿ ಮುಗಿಯುತ್ತಿದ್ದ ಕಾಲದಲ್ಲಿ ಇದನ್ನು ಇಪ್ಪತ್ತು ದೃಶ್ಯಗಳ ಚಿತ್ರ ಎಂದು ಜಾಹೀರು ಮಾಡಿದರು. ಒಂದು ದೃಶ್ಯ ಕರಗುತ್ತ ಇನ್ನೊಂದು ಮೂಡುವ ತಂತ್ರದ ಆರಂಭದ ಉದಾಹರಣೆಗಳಲ್ಲಿ ಇದೂ ಒಂದು. ಕುಂಚದಿಂದ ಕೈಯಾರೆ ಬಣ್ಣ ಹಚ್ಚಿದ ಪ್ರತಿಗಳೂ ಮಾರಾಟಕ್ಕಿದ್ದವು. ಇದನ್ನು ಮಕ್ಕಳ ಚಿತ್ರ ಎಂದು ಕರೆಯುವುದು ಅಷ್ಟು ಸರಿಯಲ್ಲ. ಪ್ಯಾರಿಸಿನ ರಂಗಭೂಮಿಯಲ್ಲಿ ದೊಡ್ಡವರೂ ಚಿಕ್ಕವರೂ ಒಟ್ಟಿಗೆ ನೋಡುತ್ತಿದ್ದ ಮಾಯಾನಾಟಕಗಳ ಮುಂದುವರಿಕೆ ಇದು. ಗಡಿಯಾರಗಳು ಜೀವ ತಳೆದು ಕುಣಿಯುವ ದೃಶ್ಯಕ್ಕೆ ಪೆರೋನ ಕಥೆಯಲ್ಲಿ ಆಧಾರವೇ ಇಲ್ಲ, ಆದರೆ ಚಿತ್ರದ ಜೀವ ಇರುವುದು ಅಲ್ಲೇ.

ಅಮೆರಿಕದಲ್ಲಿ 1914ರಲ್ಲಿ ಮೇರಿ ಪಿಕ್‌ಫರ್ಡ್ ನಾಯಕಿಯಾದರು. ರಾಜಕುಮಾರನಾಗಿದ್ದವರು ಆಗಿನ ಅವರ ಪತಿ ಓವೆನ್ ಮೂರ್. ಬಡಹುಡುಗಿಯ ಪಾತ್ರಗಳಿಂದಲೇ ಹೆಸರು ಮಾಡಿದ ತಾರೆಗೆ ಇದಕ್ಕಿಂತ ಹೊಂದುವ ಕಥೆ ಇರಲಿಲ್ಲ.

1922ರಲ್ಲಿ, ಒಬ್ಬರ ಸುದ್ದಿ ಇನ್ನೊಬ್ಬರಿಗೆ ತಿಳಿಯದೆ, ಇಬ್ಬರು ಎಳೆಯ ಕಲಾವಿದರು ಈ ಕಥೆಯನ್ನು ಅನಿಮೇಷನ್ನಿಗೆ ತಂದರು. ಕಾನ್ಸಾಸ್ ಸಿಟಿಯಲ್ಲಿ ವಾಲ್ಟ್ ಡಿಸ್ನಿ ತಮ್ಮ ಲಾಫ್-ಓ-ಗ್ರಾಮ್ ಕಂಪನಿಗಾಗಿ ಒಂದು ಹಾಸ್ಯಚಿತ್ರ ಮಾಡಿದರು. ಮರುವರ್ಷ ಕಂಪನಿ ದಿವಾಳಿಯಾಯಿತು. ಜರ್ಮನಿಯಲ್ಲಿ ಲೋಟೆ ರೈನಿಗರ್ ಕಪ್ಪು ಕಾಗದ ಕತ್ತರಿಸಿ ಮಾಡಿದ ನೆರಳುಗೊಂಬೆಗಳಿಂದ ಗ್ರಿಮ್ ರೂಪವನ್ನು ಹೇಳಿದರು. ಕತ್ತರಿಯೇ ಆ ಚಿತ್ರದ ಆರಂಭ: ಕತ್ತರಿ ಹಿಡಿದ ಕೈ ಆಕೃತಿಯನ್ನು ಕಾಗದದಿಂದ ಬಿಡಿಸುತ್ತದೆ. ಕಾಲು ಕತ್ತರಿಸಿಕೊಳ್ಳುವ ಪ್ರಸಂಗವನ್ನೂ ರೈನಿಗರ್ ಬಿಡಲಿಲ್ಲ. ಎಲ್ಲವೂ ಕಪ್ಪು ಕಾಗದದ ನೆರಳಿನಲ್ಲಿ ನಡೆಯುವುದರಿಂದ ಆ ಕ್ರೌರ್ಯವನ್ನು ಮಕ್ಕಳೂ ಸಹಿಸಿಕೊಳ್ಳಬಹುದಾಗಿತ್ತು. ಲಂಡನ್ನಿನಲ್ಲಿ ನೆಲೆಸಿದ ಮೇಲೆ 1954ರಲ್ಲಿ ಅವರು ಈ ಕಥೆಯನ್ನು ಮತ್ತೊಮ್ಮೆ ಮಾಡಿದರು.

ಡಿಸ್ನಿ, 1950

ಎರಡನೆಯ ಮಹಾಯುದ್ಧದಲ್ಲಿ ಯುರೋಪಿನ ಮಾರುಕಟ್ಟೆ ಮುಚ್ಚಿ, ಡಿಸ್ನಿ ಸ್ಟುಡಿಯೊ 40 ಲಕ್ಷ ಡಾಲರಿಗೂ ಮೀರಿದ ಸಾಲದಲ್ಲಿ ಸಿಕ್ಕಿಕೊಂಡಿತ್ತು. 1942ರ 'ಬ್ಯಾಂಬಿ'ಯ ನಂತರ ಒಂದೇ ಕಥೆಯ ಪೂರ್ಣಾವಧಿ ಅನಿಮೇಷನ್ ಚಿತ್ರಕ್ಕೆ ಅದು ಕೈಹಾಕಿರಲಿಲ್ಲ. ತುಣುಕು ಚಿತ್ರಗಳನ್ನು ಜೋಡಿಸಿ ಬಿಡುಗಡೆ ಮಾಡುತ್ತಿತ್ತು. 1937ರ 'ಸ್ನೋ ವೈಟ್' ಹಣ ತಂದಿದ್ದರಿಂದ ಮತ್ತೊಬ್ಬ ನೊಂದ ಹುಡುಗಿಯ ಕಥೆಯನ್ನೇ ಆರಿಸಿದರು. 'ಸಿಂಡರೆಲ್ಲಾ' ಸೋತಿದ್ದರೆ ಸ್ಟುಡಿಯೊ ಉಳಿಯುವುದು ಕಷ್ಟವಿತ್ತು.

ಖರ್ಚು ಉಳಿಸಲು ಒಂದು ಉಪಾಯ ಮಾಡಿದರು. ಚಿತ್ರದ ಬಹುಪಾಲನ್ನು ಮೊದಲು ನಿಜವಾದ ನಟರಿಂದ ಆಡಿಸಿ ಚಿತ್ರೀಕರಿಸಿ, ಅದನ್ನು ನೋಡಿಕೊಂಡು ಚಿತ್ರ ಬರೆದರು. ನಾಯಕಿಯ ಚಲನೆಗೆ ಹೆಲೆನ್ ಸ್ಟ್ಯಾನ್ಲಿ, ದನಿಗೆ ಐಲೀನ್ ವುಡ್ಸ್. ಮನುಷ್ಯ ಪಾತ್ರಗಳ ನಡೆನುಡಿಯಲ್ಲಿ ಒಂದು ಬಿಗಿ ಕಾಣುವುದು ಈ ಉಪಾಯದಿಂದಲೇ. ಲವಲವಿಕೆಯೆಲ್ಲ ಜ್ಯಾಕ್, ಗಸ್ ಎಂಬ ಇಲಿಗಳ ಪಾಲಿಗೆ, ಲೂಸಿಫರ್ ಎಂಬ ಬೆಕ್ಕಿನ ಪಾಲಿಗೆ ಹೋಯಿತು. ಪೆರೋನಲ್ಲಿ ಸಾರೋಟು ಎಳೆಯಲು ಮಾತ್ರ ಬರುವ ಇಲಿಗಳು ಇಲ್ಲಿ ಚಿತ್ರದ ಗಣನೀಯ ಭಾಗವನ್ನು ಆಕ್ರಮಿಸುತ್ತವೆ. ಪುಟ್ಟ ಮಕ್ಕಳು ಕುರ್ಚಿಯಲ್ಲಿ ಕದಲದೆ ಕೂರುವುದು ಅವುಗಳಿಗಾಗಿ, ರಾಜಕುಮಾರನಿಗಾಗಿ ಅಲ್ಲ. ಅವನಿಗೋ ಸರಿಯಾಗಿ ಮಾತೇ ಇಲ್ಲ.

ಈ ನಾಯಕಿ ಸುಮ್ಮನೆ ಕಾಯುವವಳು ಎಂಬ ದೂರು ಮುಂದೆ ಸ್ತ್ರೀವಾದಿ ವಿಮರ್ಶಕರಿಂದ ಬಂತು. ಆ ದೂರಿನಲ್ಲಿ ಹುರುಳಿದೆ: ಉಡುಪು ಹೊಲಿಯುವುದು ಇಲಿಗಳು, ಬೀಗದಕೈ ತರುವುದೂ ಇಲಿಗಳು. ಆದರೆ ಕೊನೆಯ ದೃಶ್ಯವನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಮಲತಾಯಿ ಬೇಕೆಂದೇ ಸೇವಕನನ್ನು ಎಡವಿಸಿ ಪಾದರಕ್ಷೆಯನ್ನು ಒಡೆಸುತ್ತಾಳೆ. ಸಿಂಡರೆಲ್ಲಾ ತನ್ನಲ್ಲಿದ್ದ ಜೋಡಿಯ ಇನ್ನೊಂದನ್ನು ಹೊರತೆಗೆಯುತ್ತಾಳೆ. ಎರಡನೆಯ ಪಾದರಕ್ಷೆ ಪೆರೋನಲ್ಲಿಯೂ ಇದೆ, ಪಾದ ಹಿಡಿಸಿದ ಮೇಲೆ ಸಾಕ್ಷಿಯಾಗಿ ಮಾತ್ರ. ಅದನ್ನೇ ಹಿಡಿದು ಕಥೆಗಾರರು ಇಡೀ ಚಿತ್ರದ ಅತ್ಯುತ್ತಮ ತಿರುವನ್ನು ಕಟ್ಟಿದರು. ಚಿಂದಿ ಬೆಳ್ಳಿಯ ಉಡುಪಾಗುವ ದೃಶ್ಯವನ್ನು ಬಿಡಿಸಿದವರಲ್ಲಿ ಮಾರ್ಕ್ ಡೇವಿಸ್ ಪ್ರಮುಖರು.

1950ರ ಫೆಬ್ರವರಿ 15ರಂದು ಬಾಸ್ಟನ್ನಿನಲ್ಲಿ ಮೊದಲ ಪ್ರದರ್ಶನ ಕಂಡ ಚಿತ್ರ ಭಾರಿ ಗಳಿಕೆ ಮಾಡಿತು, ಸ್ಟುಡಿಯೊ ಚೇತರಿಸಿಕೊಂಡಿತು. ಫ್ಲಾರಿಡಾದ ಡಿಸ್ನಿ ಉದ್ಯಾನದಲ್ಲಿ 1971ರಿಂದ ನಿಂತಿರುವ ಕೋಟೆಗೆ ಈಕೆಯದೇ ಹೆಸರು. ಕನ್ನಡನಾಡಿನ ಮಕ್ಕಳ ಪುಸ್ತಕಗಳ ಸಿಂಡರೆಲ್ಲಾಳ ಮೇಲೂ ಈ ಚಿತ್ರದ ಪ್ರಭಾವವಿದೆ.

ಲೆನಿನ್‌ಗ್ರಾದಿನ ನಗು

ಡಿಸ್ನಿಗಿಂತ ಮೂರು ವರ್ಷ ಮೊದಲು, ಮಹಾಯುದ್ಧಕಾಲದ ದಿಗ್ಬಂಧನದ ಹಸಿವು ಇನ್ನೂ ಮರೆಯದ ಸೋವಿಯತ್ ನಗರ ಲೆನಿನ್‌ಗ್ರಾದಿನಲ್ಲಿ, ಲೆನ್‌ಫಿಲ್ಮ್ ಸ್ಟುಡಿಯೊ 'ಜೊಲುಷ್ಕಾ' ತೆಗೆಯಿತು. ನಿರ್ದೇಶಕರು ನದೇಜ್ದಾ ಕೊಶೆವೆರೊವಾ ಮತ್ತು ಮಿಖಾಯಿಲ್ ಶಪೀರೊ. ಚಿತ್ರಕಥೆ ನಾಟಕಕಾರ ಯೆವ್ಗೆನಿ ಶ್ವಾರ್ಟ್ಸ್ ಅವರದು. ಇಲ್ಲಿನ ರಾಜ ಸಿಟ್ಟು ಬಂದಾಗಲೆಲ್ಲ ಸಿಂಹಾಸನ ಬಿಟ್ಟು ಮಠ ಸೇರುತ್ತೇನೆಂದು ಬೆದರಿಸುವ ಮುಗ್ಧ. ಫಾಯಿನಾ ರನೆವ್‌ಸ್ಕಯಾ ಮಾಡಿದ ಮಲತಾಯಿಗೆ ಮಂತ್ರತಂತ್ರದಲ್ಲಿ ನಂಬಿಕೆಯಿಲ್ಲ, ವಶೀಲಿಯಲ್ಲಿ ಮಾತ್ರ ನಂಬಿಕೆ. ಸರ್ಕಾರಿ ಕಚೇರಿಗಳ ಸಾಲಿನಲ್ಲಿ ನಿಂತಿದ್ದ ದೊಡ್ಡವರಿಗೆ ಆ ಹಾಸ್ಯ ಯಾರ ಮೇಲೆ ಎಂದು ಬಿಡಿಸಿ ಹೇಳಬೇಕಿರಲಿಲ್ಲ. ನಾಯಕಿ ಯಾನಿನಾ ಜೇಮೊ ಸರ್ಕಸ್ ಕುಟುಂಬದಿಂದ ಬಂದವರು. ಚಿತ್ರೀಕರಣದ ಹೊತ್ತಿಗೆ ಅವರಿಗೆ ಮೂವತ್ತೇಳರ ಆಸುಪಾಸು. ತೆರೆಯ ಮೇಲೆ ಅದು ಗೊತ್ತಾಗುವುದಿಲ್ಲ. ಕಪ್ಪು-ಬಿಳುಪಿನ ಈ ಚಿತ್ರಕ್ಕೆ 2009ರಲ್ಲಿ ಬಣ್ಣ ಹಚ್ಚಿದರು, ಅದರ ಅಗತ್ಯ ಇರಲಿಲ್ಲ.

ಅಮೆರಿಕದಲ್ಲಿ ಕಥೆ ದೂರದರ್ಶನಕ್ಕೆ ಹೊರಳಿತು. ರಿಚರ್ಡ್ ರಾಡ್ಜರ್ಸ್ ಮತ್ತು ಆಸ್ಕರ್ ಹ್ಯಾಮರ್‌ಸ್ಟೈನ್ ಟಿವಿಗೆಂದೇ ಬರೆದ ಗೀತನಾಟಕವನ್ನು ಸಿಬಿಎಸ್ 1957ರ ಮಾರ್ಚ್ 31ರಂದು ನೇರವಾಗಿ ಪ್ರಸಾರ ಮಾಡಿತು. ಜೂಲಿ ಆಂಡ್ರ್ಯೂಸ್ ನಾಯಕಿ; ನೋಡಿದವರು 10 ಕೋಟಿಗೂ ಹೆಚ್ಚು ಎಂಬ ಅಂದಾಜಿದೆ. ಬಣ್ಣದಲ್ಲಿ ಪ್ರಸಾರವಾದದ್ದು ಉಳಿದಿರುವುದು ಕಪ್ಪು-ಬಿಳುಪಿನಲ್ಲಿ. ಇದೇ ನಾಟಕದ 1997ರ ರೂಪದಲ್ಲಿ ಕಪ್ಪುವರ್ಣೀಯ ಗಾಯಕಿ ಬ್ರ್ಯಾಂಡಿ ಸಿಂಡರೆಲ್ಲಾ, ವಿಟ್ನಿ ಹ್ಯೂಸ್ಟನ್ ಮಾಯಾವಿ ಅಜ್ಜಿ. ರಾಣಿ ಕಪ್ಪುವರ್ಣೀಯಳು, ರಾಜ ಬಿಳಿಯ, ಮಗ ಫಿಲಿಪೀನ್ಸ್ ಮೂಲದ ನಟ. ಚಿತ್ರ ಇದಕ್ಕೆ ಯಾವ ವಿವರಣೆಯನ್ನೂ ಕೊಡುವುದಿಲ್ಲ, ಯಾವ ಮಗುವೂ ಕೇಳುವುದಿಲ್ಲ.

ಮೂರು ಬೀಜಗಳು

ಜೆಕೊಸ್ಲೊವಾಕಿಯಾ ಮತ್ತು ಪೂರ್ವ ಜರ್ಮನಿ ಕೂಡಿ 1973ರಲ್ಲಿ ತೆಗೆದ 'ಸಿಂಡರೆಲ್ಲಾಳಿಗೆ ಮೂರು ಹೇಝಲ್ ಬೀಜಗಳು' ಹತ್ತೊಂಬತ್ತನೆಯ ಶತಮಾನದ ಜೆಕ್ ಲೇಖಕಿ ಬೊಜೆನಾ ನೆಮ್ಚೊವಾ ಅವರ ಕಥೆಯನ್ನು ಆಧರಿಸಿದೆ. ನಿರ್ದೇಶಕ ವಾಟ್ಸ್‌ಲಾವ್ ವೊರ್ಲಿಚೆಕ್. ಚಿತ್ರಕಥೆ ಬರೆದ ಫ್ರಾಂಟಿಶೆಕ್ ಪಾವ್ಲಿಚೆಕ್ 1968ರ ಪ್ರಾಗ್ ಸುಧಾರಣೆಯ ಪರ ನಿಂತು ನಿಷೇಧಕ್ಕೊಳಗಾಗಿದ್ದರಿಂದ, ಬೊಹುಮಿಲಾ ಜೆಲೆಂಕೊವಾ ತಮ್ಮ ಹೆಸರು ಕೊಟ್ಟರು.

ಇಲ್ಲಿ ಮಾಯಾವಿ ಅಜ್ಜಿಯಿಲ್ಲ. ಆಳುಮಗನೊಬ್ಬ ದಾರಿಯಲ್ಲಿ ಸಿಕ್ಕಿದ ಮೂರು ಬೀಜಗಳನ್ನು ತಂದುಕೊಡುತ್ತಾನೆ. ಒಂದರಲ್ಲಿ ಬೇಟೆಗಾರನ ಉಡುಪು, ಒಂದರಲ್ಲಿ ನೃತ್ಯಕೂಟದ ಉಡುಪು, ಒಂದರಲ್ಲಿ ಮದುವೆಯ ಉಡುಪು. ಮಾಯೆಯ ಕೆಲಸ ಅಷ್ಟಕ್ಕೇ ಮುಗಿಯುತ್ತದೆ. ಕುದುರೆ ಸವಾರಿ, ಗುರಿ ಹೊಡೆಯುವುದು, ಮರ ಹತ್ತುವುದು ಹುಡುಗಿಗೆ ಮೊದಲೇ ಬರುತ್ತವೆ. ನೃತ್ಯಕೂಟದಲ್ಲಿ ಅವಳು ಮುಸುಕು ತೆಗೆಯುವ ಬದಲು ರಾಜಕುಮಾರನಿಗೆ ಒಗಟು ಹಾಕುತ್ತಾಳೆ. ಮೂರು ವೇಷಗಳಲ್ಲಿ ಮೂರು ಸಲ ಕಂಡವಳು ಒಬ್ಬಳೇ ಎಂದು ಅವನಿಗೆ ಹೊಳೆಯುವುದಿಲ್ಲ. ಹೀಗಾಗಿ ಇಲ್ಲಿ ಪರೀಕ್ಷೆಗೆ ಕೂರುವವನು ರಾಜಕುಮಾರ. ಲಿಬುಶೆ ಶಾಫ್ರಾಂಕೊವಾ ಅವರ ತುಂಟ ಗಾಂಭೀರ್ಯದ ಅಭಿನಯವನ್ನು ಮುಂದೆ ಬಂದ ಯಾವ ಸಿಂಡರೆಲ್ಲಾಳೂ ಸರಿಗಟ್ಟಿಲ್ಲ.

ಬೇಸಿಗೆಯಲ್ಲಿ ತೆಗೆಯಬೇಕಿದ್ದ ಚಿತ್ರ, ಜರ್ಮನ್ ಸ್ಟುಡಿಯೊದ ಅನುಕೂಲಕ್ಕಾಗಿ ಚಳಿಗಾಲಕ್ಕೆ ಸರಿಯಿತು. ಹಿಮ ಸಾಲದೆ ಹೋದಾಗ ಮೀನಿನ ಹಿಟ್ಟಿನ ಕೃತಕ ಹಿಮವನ್ನೂ ಹರಡಿದರು. ಅದರ ವಾಸನೆಯನ್ನು ನಟರು ಬಹುಕಾಲ ನೆನೆಯುತ್ತಿದ್ದರು. ಆ ಹಿಮದಿಂದಲೇ ಇದು ಕ್ರಿಸ್‌ಮಸ್ ಚಿತ್ರವಾಯಿತು. ಜೆಕ್ ನಾಡು, ಜರ್ಮನಿಗಳಲ್ಲಿ ಪ್ರತಿ ಡಿಸೆಂಬರಿನಲ್ಲಿ ಟಿವಿಗೆ ಬರುತ್ತದೆ. ನಾರ್ವೆಯಲ್ಲಿ ಕ್ರಿಸ್‌ಮಸ್ ಮುನ್ನಾದಿನದ ಬೆಳಿಗ್ಗೆ ತೋರಿಸುವ ಪ್ರತಿಯಲ್ಲಿ ಹೆಣ್ಣು, ಗಂಡು, ಮಲತಾಯಿ ಎಲ್ಲರ ಮಾತನ್ನೂ ಕ್ನೂಟ್ ರಿಸಾನ್ ಎಂಬ ಒಬ್ಬರೇ ನಟ ಓದಿದ್ದಾರೆ, ಹಿಂದೆ ಜೆಕ್ ಮಾತೂ ಕೇಳಿಸುತ್ತಿರುತ್ತದೆ. ಡ್ರೆಸ್ಡೆನ್ ಹತ್ತಿರದ ಮೊರಿಟ್ಸ್‌ಬುರ್ಗ್ ಅರಮನೆಗೆ, ಚಿತ್ರೀಕರಣ ನಡೆದ ಜಾಗವೆಂದು, ಇಂದಿಗೂ ಜನ ಹೋಗುತ್ತಾರೆ.

ಈಚಿನ ದಶಕಗಳು

1998ರ 'ಎವರ್ ಆಫ್ಟರ್' ಮಾಯೆಯನ್ನೇ ಕೈಬಿಟ್ಟಿತು. ಡ್ರೂ ಬ್ಯಾರಿಮೋರ್ ಮಾಡಿದ ನಾಯಕಿ ಪುಸ್ತಕ ಓದುವವಳು; ಅಜ್ಜಿಯ ಜಾಗದಲ್ಲಿ ಸಾಕ್ಷಾತ್ ಲಿಯೊನಾರ್ಡೊ ಡ ವಿಂಚಿ. 2004ರ 'ಎ ಸಿಂಡರೆಲ್ಲಾ ಸ್ಟೋರಿ'ಯಲ್ಲಿ ಪಾದರಕ್ಷೆಯ ಬದಲು ಮೊಬೈಲ್ ಫೋನ್ ಕಳೆದುಹೋಗುತ್ತದೆ, ಅದಕ್ಕಿಂತ ಹೆಚ್ಚಿನದು ಆ ಚಿತ್ರದಲ್ಲಿ ಇಲ್ಲ. ವಿಚಿತ್ರವೆಂದರೆ, ಗ್ರಿಮ್‌ನ ಹೆಬ್ಬೆರಳು-ಹಿಮ್ಮಡಿ ಕತ್ತರಿಸುವ ಪ್ರಸಂಗವನ್ನು ದೊಡ್ಡ ತೆರೆಗೆ ಮರಳಿ ತಂದದ್ದು ಡಿಸ್ನಿಯೇ, 2014ರ 'ಇನ್‌ಟು ದ ವುಡ್ಸ್' ಗೀತಚಿತ್ರದಲ್ಲಿ. ಮರುವರ್ಷವೇ ಆ ಕಂಪನಿ ಕೆನೆತ್ ಬ್ರಾನಾ ನಿರ್ದೇಶನದಲ್ಲಿ 1950ರ ಕಥೆಯನ್ನು ನಟರೊಂದಿಗೆ ಮತ್ತೆ ತೆಗೆಯಿತು. 54 ಕೋಟಿ ಡಾಲರಿನಷ್ಟು ಗಳಿಸಿತು. ಸ್ಫಟಿಕದ ಪಾದರಕ್ಷೆಯನ್ನು ಕಾಲಿಗೆ ಹಾಕಿ ನಡೆಯಲಾಗದ ಕಾರಣ ನಾಯಕಿ ಲಿಲಿ ಜೇಮ್ಸ್ ಬೇರೆ ಪಾದರಕ್ಷೆ ಹಾಕಿ ನಟಿಸಿದರು, ಗಾಜನ್ನು ಕಂಪ್ಯೂಟರ್ ತೊಡಿಸಿತು. ಮಲತಾಯಿಯಾಗಿ ಕೇಟ್ ಬ್ಲ್ಯಾಂಚೆಟ್ ಇರುವಷ್ಟು ಹೊತ್ತು ಚಿತ್ರಕ್ಕೆ ಕಸುವಿದೆ.

2021ರಲ್ಲಿ ಅಮೆಜಾನ್ ಹೊರತಂದ ರೂಪದಲ್ಲಿ ಕಮಿಲಾ ಕಬೆಯೊ ಉಡುಪಿನ ಅಂಗಡಿ ತೆರೆಯುವ ಕನಸಿನ ಹುಡುಗಿ. ಅದೇ ವರ್ಷ ನಾರ್ವೆ ತನ್ನ ಹಬ್ಬದ ಜೆಕ್ ಚಿತ್ರವನ್ನು ತನ್ನದೇ ಭಾಷೆಯಲ್ಲಿ, ನಿಜವಾದ ಹಿಮದ ನಡುವೆ ಮತ್ತೆ ತೆಗೆಯಿತು. ಎರಡೂ ನೋಡುವಂತಿವೆ, ಎರಡೂ ಹಳೆಯದಕ್ಕೆ ಸಮನಲ್ಲ. ಮನೆಯ ಮಕ್ಕಳಿಗೆ ಈ ಕಥೆಯ ಒಂದೇ ಚಿತ್ರ ತೋರಿಸುವ ಬಿಡುವಿದ್ದರೆ 1973ರದನ್ನು ಹುಡುಕಿ ತೋರಿಸುವುದು ಒಳ್ಳೆಯದು. ಜೆಕ್ ಮಾತು ಒಂದೂ ತಿಳಿಯದಿದ್ದರೂ ಅದನ್ನು ನೋಡಿ ಅರ್ಥ ಮಾಡಿಕೊಳ್ಳಬಹುದು.